ನನ್ನ ಮುಖಕ್ಕೆ ಮುರುಗೇಶನ ದನಿ

ಜನ್ನಾಪುರ, ೬ ಸೆಪ್ಟೆಂಬರ್ ೧೯೯೯, ಸೋಮವಾರ

ನನ್ನ ಮೊದಲ ಧಾರಾವಾಹಿ ಇವತ್ತು ಟೀವಿಯಲ್ಲಿ ಬಂತು. ಬೀದಿಯವರೆಲ್ಲ ನಮ್ಮ ಮನೆಯಲ್ಲೇ ಕೂತಿದ್ದರು. ನನ್ನ ಮುಖ ಕಂಡಿತು, ಬಾಯಿ ತೆರೆಯಿತು, ಬಂದ ದನಿ ಮಾತ್ರ ಮುರುಗೇಶನದು. ಆರು ವರ್ಷ ಶಿವಮೊಗ್ಗದ ಗಣಪತಿ ಪೆಂಡಾಲುಗಳಲ್ಲಿ ನನ್ನ ಜೊತೆ ನಿಂತು ಜನರನ್ನು ನಗಿಸಿದವನು. ಅವನಿಗೆ ಮಿಮಿಕ್ರಿ ಕಲಿಸಿದವನೂ ನಾನೇ. ಡಬ್ಬಿಂಗ್‌ಗೆ ನನ್ನನ್ನು ಯಾಕೆ ಕರೆಯಲಿಲ್ಲವೆಂದು ಈಗ ಗೊತ್ತಾಯಿತು.

ಬೂತಿಗೆ ಹೋಗಿ ಅವನಿಗೆ ಫೋನ್ ಮಾಡಿದೆ.

“ನಿನ್ನ ದನಿ ಟೀವಿಗೆ ಒರಟಾಯ್ತು ಅಂದ್ರು ಮಾರಾಯ. ನಾನು ಆಗಲ್ಲ ಅಂದಿದ್ರೆ ಬೇರೆಯವ್ರು ಮಾಡ್ತಿದ್ರು” ಎಂದ.

“ನಿನ್ನೆ ಆಲ್ಕೊಳದಲ್ಲಿ ಒಟ್ಟಿಗೆ ಟೀ ಕುಡಿದ್ವಲ್ಲೋ. ಆಗಾದ್ರೂ ಹೇಳ್ಬಹುದಿತ್ತಲ್ಲ?”

ಉತ್ತರಕ್ಕೆ ಕಾಯದೆ ಫೋನ್ ಇಟ್ಟುಬಿಟ್ಟೆ.

ಗೊತ್ತಿಲ್ಲದ ಯಾರೋ ಮಾಡಿದ್ದರೆ ಹೊಟ್ಟೆ ಇಷ್ಟು ಉರಿಯುತ್ತಿರಲಿಲ್ಲ. ನಾನು ತಡವರಿಸುವ ಕಡೆ ಅವನೂ ತಡವರಿಸಿದ್ದಾನೆ, ನನ್ನ ನಗುವನ್ನು ನನ್ನ ಹಾಗೆಯೇ ನಕ್ಕಿದ್ದಾನೆ.

ಮನೆಗೆ ಬಂದಾಗ ಅಮ್ಮ ಕೆನ್ನೆ ಸವರಿ, “ಕಣ್ಮುಚ್ಕೊಂಡು ಕೇಳಿದ್ರೂ ನನ್ ಮಗಂದೇ ದನಿ ಅಂತ ಗೊತ್ತಾಗ್ತಿತ್ತು ಕಣೋ” ಎಂದಳು.

ಅದು ನನ್ನದಲ್ಲ ಎನ್ನಲು ಬಾಯಿ ಬರಲಿಲ್ಲ. ನಾಳೆ ಸಂಜೆಯೂ ಎಲ್ಲರೂ ಬರುತ್ತಾರೆ. ಅವರ ನಡುವೆ ಕೂತು ನಾನು ನನ್ನ ಬಾಯಲ್ಲಿ ಮುರುಗೇಶ ಮಾತಾಡುವುದನ್ನು ಕೇಳಬೇಕು.