ಹೇನಿಗೆ ನಿಮ್ಮಪ್ಪನ ಹೆಸರು

ಮನೆಯಿಂದ,
ಮಾರ್ಚ್ ಹದಿನೇಳು, ಸೋಮವಾರ ಮಧ್ಯಾಹ್ನ

ಪ್ರೀತಿಯ ಚಿನ್ನೂ,

ಹೇಗಿದ್ದೀಯ? ಹಡಗಿನ ಓಲಾಟಕ್ಕೆ ನಿನ್ನ ಹೊಟ್ಟೆ ಈಗಲಾದರೂ ಒಗ್ಗಿಕೊಂಡಿತೇ? ಹಿಂದಿನ ಕಾಗದದಲ್ಲಿ ಅಲೆಗಳ ವಿಷಯ ಎರಡು ಪುಟ ಬರೆದಿದ್ದೀಯ, ಊಟದ ವಿಷಯ ಒಂದು ಸಾಲೂ ಇಲ್ಲ. ಅಂದರೆ ಸರಿಯಾಗಿ ತಿನ್ನುತ್ತಿಲ್ಲ ಎಂದೇ ಅರ್ಥ, ನನ್ನ ಹತ್ತಿರ ಮುಚ್ಚಿಡಬೇಡ. ಸಮುದ್ರದ ತಳದ ನಕ್ಷೆ ಮಾಡುವವರು ಹೊಟ್ಟೆಯ ತಳವನ್ನು ಖಾಲಿ ಬಿಡಬಾರದು. ಕಿವಿಗೆ ಗಾಳಿ ಹೊಡೆಯದಂತೆ ನಾನು ಹೊಲಿದು ಕೊಟ್ಟ ಟೋಪಿ ಹಾಕಿಕೊಳ್ಳುತ್ತಿದ್ದೀಯ ತಾನೇ? ನಾವಿಲ್ಲಿ ಚೆನ್ನಾಗಿದ್ದೇವೆ. ನನ್ನ ಮಂಡಿನೋವು ಇದ್ದಲ್ಲೇ ಇದೆ, ಹೆಚ್ಚೂ ಇಲ್ಲ ಕಡಿಮೆಯೂ ಇಲ್ಲ, ಮನೆಯವರ ಹಾಗೆ ಜೊತೆಗಿದೆ. ನಿಮ್ಮಪ್ಪನ ಕಣ್ಣಿನ ಪೊರೆ ತೆಗೆಸಿದೆವು. ಡಾಕ್ಟರು ಬಹಳ ಚೆನ್ನಾಗಿ ಮಾಡಿದ್ದಾರೆ, ಬೇಕಾದ್ದಕ್ಕಿಂತ ಚೆನ್ನಾಗಿ ಮಾಡಿದ್ದಾರೆ ಎನ್ನಬೇಕು. ಈಗ ನಿಮ್ಮಪ್ಪನಿಗೆ ಬೀರುವಿನ ಮೇಲಿನ ಧೂಳು ಕಾಣುತ್ತದೆ, ನನ್ನ ಹೊಲಿಗೆ ಎಲ್ಲಿ ಸೊಟ್ಟಗಾಗಿದೆ ಎಂಬುದೂ ಕಾಣುತ್ತದೆ. ಆದರೆ ಹಕ್ಕಿ ನೋಡುವ ದುರ್ಬೀನು ಮಾತ್ರ ಮೊಳೆಗೆ ನೇತುಹಾಕಿದ್ದು ನೇತುಹಾಕಿದ ಹಾಗೇ ಇತ್ತು. ಇತ್ತು ಎಂದು ಯಾಕೆ ಬರೆದೆ ಎಂದರೆ, ಈಗ ಇಲ್ಲ. ಅದನ್ನೇ ಹೇಳಲು ಕೂತಿದ್ದೇನೆ.

ಮೂರು ವಾರದ ಹಿಂದೆ ಅಂಚೆಯಲ್ಲಿ ಒಂದು ಉದ್ದನೆಯ ಲಕೋಟೆ ಬಂತು. ಕಳಿಸಿದವರು ನಿನ್ನ ಹೇನು ಮೇಷ್ಟ್ರು. ಹೌದು, ಮ್ಯೂಸಿಯಮ್ಮಿನಲ್ಲಿ ನಿಮ್ಮಪ್ಪನ ಜೊತೆಗಿದ್ದ ಅವರೇ. ನೀನು ಚಿಕ್ಕವಳಿದ್ದಾಗ ಭಾನುವಾರದ ಊಟಕ್ಕೆ ಬಂದು, ಕೈತೊಳೆಯುವ ಮೊದಲು ನಿನಗೆ ಗಾಜಿನ ಬಿಲ್ಲೆಯ ಮೇಲೆ ಹಕ್ಕಿಯ ಹೇನು ತೋರಿಸುತ್ತಿದ್ದ ಮೇಷ್ಟ್ರು. ಮನುಷ್ಯರ ತಲೆಯ ಹೇನಲ್ಲ, ಹಕ್ಕಿಯ ಗರಿ ತಿಂದು ಬದುಕುವ ಹೇನು ಎಂದು ಅವರು ಪ್ರತಿಸಲವೂ ಹೇಳುವರು, ಆದರೂ ನಿನ್ನ ಸೋದರತ್ತೆ ಪ್ರತಿಸಲವೂ ತಲೆ ಕೆರೆದುಕೊಳ್ಳುವರು. ಲಕೋಟೆಯಲ್ಲಿ ಅವರದೇ ಒಂದು ಲೇಖನ ಅಚ್ಚಾಗಿ ಬಂದಿತ್ತು, ಜೊತೆಗೆ ಕೈಬರಹದ ಒಂದು ಚೀಟಿಯೂ ಇರಲಿಲ್ಲ. ನಿಮ್ಮಪ್ಪ ಮೊದಲ ಪುಟ ನೋಡಿದರು, ಕನ್ನಡಕ ತೆಗೆದು ಒರೆಸಿ ಮತ್ತೆ ನೋಡಿದರು, ಅದನ್ನು ಮೇಜಿನ ಮೇಲೆ ಬೋರಲು ಹಾಕಿ ಹೂಕುಂಡಗಳಿಗೆ ನೀರು ಹಾಕಲು ಹೋದರು. ಹೊರಗೆ ಮಳೆ ಬರುತ್ತಿತ್ತು. ಇದೇನೋ ಇದೆ ಎಂದುಕೊಂಡು ನಾನು ಹೊಲಿಗೆ ಯಂತ್ರ ಬಿಟ್ಟೆದ್ದು ಓದಿದೆ. ಹೊಸ ಜಾತಿಯ ಒಂದು ಹೇನು. ಅದಕ್ಕೆ ಶಾಸ್ತ್ರದ ರೀತಿಯಲ್ಲಿ ಎರಡು ಪದದ ಹೆಸರು. ಮೊದಲನೆಯದು ನನ್ನ ನಾಲಿಗೆಗೆ ಸಿಗಲಿಲ್ಲ, ಎರಡನೆಯದು ನಾನು ಜನ್ಮವಿಡೀ ಬಾಯಲ್ಲಿ ಹೇಳದೆ ಸುತ್ತಿ ಬಳಸಿ ಕರೆದ ಹೆಸರು. ನಿಮ್ಮಪ್ಪನದು, ಬಾಲಕ್ಕೆ ಇಂಗ್ಲಿಷಿನ ಒಂದು 'ಐ' ಅಕ್ಷರ ಅಂಟಿಸಿಕೊಂಡು.

ನನಗೆ ನಗು ತಡೆಯಲಾಗಲಿಲ್ಲ, ತಪ್ಪು ತಿಳಿಯಬೇಡ. ಆದರೆ ಆಮೇಲೆ ಅಯ್ಯೋ ಅನ್ನಿಸಿತು. ನಿಮ್ಮಪ್ಪ ಊಟದ ಹೊತ್ತಿನಲ್ಲಿ ನಿನಗೆ ಹೇಳುತ್ತಿದ್ದ ಕಥೆಗಳೆಲ್ಲ ನೆನಪಿರಬೇಕು. ಯಾವುದೋ ದ್ವೀಪದ ಕಪ್ಪೆಯೊಂದು, ತನ್ನನ್ನು ಹುಡುಕಿ ಜ್ವರ ಬಂದು ಸತ್ತವನ ಹೆಸರು ಹೊತ್ತುಕೊಂಡು ಕುಪ್ಪಳಿಸುತ್ತದೆ, ಬೆಟ್ಟದ ತುದಿಯ ಹುಲ್ಲೊಂದು ಅದರ ಚಿತ್ರ ಬರೆದ ಹೆಂಗಸಿನ ಹೆಸರಲ್ಲಿ ಚಿಗುರುತ್ತದೆ, ತನ್ನ ಹೆಸರನ್ನು ತಾನೇ ಇಟ್ಟುಕೊಳ್ಳುವುದು ಆ ಲೋಕದಲ್ಲಿ ಮರ್ಯಾದೆಯಲ್ಲ, ಇನ್ನೊಬ್ಬರು ಮನಸಾರೆ ಇಡಬೇಕು, ಒಮ್ಮೆ ಇಟ್ಟರೆ ಇಷ್ಟವಿಲ್ಲವೆಂದು ಕಿತ್ತುಹಾಕಲು ಬರುವುದಿಲ್ಲ. ಇದನ್ನೆಲ್ಲ ಹೇಳುವಾಗ ಅವರ ಕಣ್ಣು ಎಲ್ಲೋ ಇರುತ್ತಿತ್ತು. ಮ್ಯೂಸಿಯಮ್ಮಿನ ಹಕ್ಕಿಗಳ ವಿಭಾಗದಲ್ಲಿ ತಲೆ ನರೆಯುವವರೆಗೆ ದುಡಿದ ಮನುಷ್ಯನಿಗೆ ಒಂದು ಹಕ್ಕಿ, ಬೇಡ, ಹಕ್ಕಿಯ ಒಂದು ಉಪಜಾತಿಯಾದರೂ ತನ್ನ ಹೆಸರಲ್ಲಿ ಹಾರಲಿ ಎಂಬ ಆಸೆಯಿತ್ತು. ಬಾಯಿಬಿಟ್ಟು ಹೇಳಿದವರಲ್ಲ, ನನಗೆ ಗೊತ್ತಿತ್ತು ಅಷ್ಟೆ. ಕೊನೆಗೂ ಹೆಸರು ಬಂತು. ಹಕ್ಕಿಗಲ್ಲ, ಹಕ್ಕಿಯ ರೆಕ್ಕೆಯ ಸಂದಿಯಲ್ಲಿ ಕೂತ ಹೇನಿಗೆ.

ಅಷ್ಟರಲ್ಲಿ ನಿನ್ನ ಸೋದರತ್ತೆ ರವಿಕೆ ಬಿಗಿಯೆಂದು ಬಿಡಿಸಿಕೊಳ್ಳಲು ಬಂದವರು ಮೇಜಿನ ಮೇಲಿದ್ದುದನ್ನು ನೋಡಿಬಿಟ್ಟರು. ಮುಂದೆ ನಡೆದದ್ದನ್ನು ನೀನು ಊಹಿಸಿಕೊಳ್ಳಬಲ್ಲೆ. ತಾತ ಮುತ್ತಾತಂದಿರ ಹೆಸರೆತ್ತಿದರು, ವಕೀಲರ ಹೆಸರೆತ್ತಿದರು. ಆ ಮೇಷ್ಟ್ರ ಮೇಲೆ ಕೇಸು ಹಾಕದಿದ್ದರೆ ತಾನು ಈ ಮನೆಯ ಹೊಸಿಲು ತುಳಿಯುವುದಿಲ್ಲ ಎಂದು ಹೇಳಿ ರವಿಕೆ ಆಗುವವರೆಗೆ ಕೂತಿದ್ದರು. ನಿಮ್ಮಪ್ಪ ಕೂಗಾಡಲಿಲ್ಲ, ಅದೇ ನನಗೆ ಕಷ್ಟವಾಯಿತು. ಹಿಂದೆ ಒಬ್ಬ ದೊಡ್ಡ ಪಂಡಿತ ತನ್ನನ್ನು ಟೀಕಿಸಿದವನ ಹೆಸರನ್ನು ಕೈಗೆ ಜಿಗುಟು ಹತ್ತುವ ಕಳೆಗಿಡಕ್ಕೆ ಇಟ್ಟು ಸೇಡು ತೀರಿಸಿಕೊಂಡನಂತೆ. 'ಇದೂ ಹಾಗೇ. ಅವನು ಗೆದ್ದ, ಬಿಡು' ಎಂದರು. ಹೆಸರಿನ ಕಾರಣ ಹೇಳುವ ಜಾಗದಲ್ಲಿ ಮೇಷ್ಟ್ರು ಬರೆದಿದ್ದುದು ಒಂದೇ ಸಾಲು: ಈ ಹೇನಿಗೆ ಆಶ್ರಯವಾದ ಹಕ್ಕಿಯನ್ನು ಸಂಗ್ರಹಿಸಿದವರ ಗೌರವಾರ್ಥ. ಅದನ್ನು ಹೊಗಳಿಕೆ ಎಂದು ಓದಿದರೆ ಹೊಗಳಿಕೆ, ಚುಚ್ಚುಮಾತು ಎಂದು ಓದಿದರೆ ಚುಚ್ಚುಮಾತು.

ಅವರಿಬ್ಬರ ಜಗಳ ನಿನಗೆ ಅರ್ಧ ಮಾತ್ರ ಗೊತ್ತು, ಆಗ ನೀನು ಹಾಸ್ಟೆಲಿನಲ್ಲಿದ್ದೆ. ದೀಪಸ್ತಂಭದ ಗಾಜಿಗೆ ಬಡಿದು ಸತ್ತ ಹಕ್ಕಿಗಳನ್ನು ಅಲ್ಲಿನ ಕಾವಲುಗಾರ ನಮ್ಮ ಮನೆಗೆ ತಂದುಕೊಡುತ್ತಿದ್ದನಲ್ಲ, ಅದರಲ್ಲಿ ಕೆಸರಿನಲ್ಲಿ ಓಡಾಡುವ ಬೂದು ಬಣ್ಣದ ಸಣ್ಣ ಹಕ್ಕಿಯೂ ಇರುತ್ತಿತ್ತು. ಕೆಲವಕ್ಕೆ ಹಳದಿ ಕಾಲು, ಕೆಲವಕ್ಕೆ ಕರಿ ಕಾಲು. ವಯಸ್ಸಿಗೆ ತಕ್ಕಂತೆ ಕಾಲಿನ ಬಣ್ಣ ಬದಲಾಗುತ್ತದೆ, ಹಕ್ಕಿ ಒಂದೇ ಎಂದು ನಿಮ್ಮಪ್ಪ. ಎರಡರ ಮೈಮೇಲೂ ಬೇರೆ ಬೇರೆ ಹೇನಿದೆ, ಆದ್ದರಿಂದ ಹಕ್ಕಿಯೂ ಬೇರೆ ಬೇರೆ ಎಂದು ಮೇಷ್ಟ್ರು. ಮನೆಯಲ್ಲಿ ವಾದ ಮಾಡಿಕೊಂಡಿದ್ದರೆ ಕೈತೊಳೆದ ನೀರಿನ ಜೊತೆ ಹೋಗುತ್ತಿತ್ತು. ಮ್ಯೂಸಿಯಮ್ಮಿನ ಸಭೆಯಲ್ಲಿ, ಎಲ್ಲರ ಮುಂದೆ, ನಿಮ್ಮಪ್ಪ ಎದ್ದುನಿಂತು, 'ಹಕ್ಕಿ ಯಾವುದು ಅಂತ ಹೇಳೋಕೆ ತಲೆ ಬೇಕು, ತಲೆಯಲ್ಲಿರೋ ಹೇನು ಸಾಲದು' ಎಂದುಬಿಟ್ಟರು. ಸಭೆ ಗೊಳ್ಳೆಂದು ನಕ್ಕಿತು. ಮೇಷ್ಟ್ರು ತಮ್ಮ ಕಾಗದಗಳನ್ನು ಜೋಡಿಸಿಕೊಂಡು ಹೊರಟುಹೋದರು. ಅಂದಿನಿಂದ ಭಾನುವಾರದ ಊಟಕ್ಕೆ ನಮ್ಮ ಮನೆಯಲ್ಲಿ ಒಂದು ತಟ್ಟೆ ಕಡಿಮೆ. ನಿಮ್ಮಪ್ಪ ನಿವೃತ್ತರಾದ ದಿನವೂ ಅವರು ಬರಲಿಲ್ಲ, ಇವರೂ ಕರೆಯಲಿಲ್ಲ.

ನಾಲ್ಕು ದಿನ ನೋಡಿದೆ. ನಿಮ್ಮಪ್ಪ ಪೇಪರು ಓದುವುದನ್ನೂ ಬಿಟ್ಟು ಕಿಟಕಿಯ ಬಳಿ ಕೂರುತ್ತಿದ್ದರು. ಐದನೆಯ ದಿನ, ಗುಂಡಿ ತರಬೇಕು ಎಂದು ಹೇಳಿ ಮನೆ ಬಿಟ್ಟವಳು ಬಸ್ಸು ಹತ್ತಿ ಮ್ಯೂಸಿಯಮ್ಮಿಗೇ ಹೋದೆ. ಮೇಷ್ಟ್ರ ಕೋಣೆ ಈಗಲೂ ಮೆಟ್ಟಿಲಿನ ಕೆಳಗೇ ಇದೆ, ಒಳಗೆ ಹೋಗುವಾಗ ತಲೆ ಬಗ್ಗಿಸಲೇಬೇಕು. ಗೋಡೆ ತುಂಬ ಸಣ್ಣ ಸಣ್ಣ ಡ್ರಾಯರುಗಳು, ಸ್ಪಿರಿಟ್ಟಿನ ವಾಸನೆ, ಒಂದೇ ಒಂದು ಕುರ್ಚಿ. ನನ್ನನ್ನು ನೋಡಿ ಎದ್ದುನಿಂತರು, ಎದ್ದ ರಭಸಕ್ಕೆ ಮೆಟ್ಟಿಲಿನ ಅಡಿಗೆ ತಲೆ ಬಡಿಸಿಕೊಂಡರು. ಕೂದಲು ಒಂದೂ ಉಳಿದಿಲ್ಲ ಪಾಪ, ಹೇನಿಗೆ ಅಲ್ಲಿ ಜಾಗವೇ ಇಲ್ಲ. ಕುರ್ಚಿಯನ್ನು ನನಗೆ ಕೊಟ್ಟು ತಾವು ಪುಸ್ತಕದ ಗಂಟಿನ ಮೇಲೆ ಕೂತರು. ಯೋಗಕ್ಷೇಮ ಎಲ್ಲ ಆಮೇಲೆ ಕೇಳಿದರಾಯಿತೆಂದು ನಾನು ನೇರವಾಗಿ ವಿಷಯಕ್ಕೆ ಬಂದೆ: 'ಇದು ಮರ್ಯಾದೆನಾ, ಸೇಡಾ? ಒಂದು ಮಾತು ಹೇಳಿಬಿಡಿ, ನಾನು ಮನೆಗೆ ಹೋಗ್ತೀನಿ.'

ಅವರಿಗೆ ಮೊದಲು ಅರ್ಥವೇ ಆಗಲಿಲ್ಲ. ಅರ್ಥವಾದ ಮೇಲೆ ಮುಖ ಹೇಗಾಯಿತೆಂದರೆ, ನಾನು ಯಾಕಾದರೂ ಕೇಳಿದೆನೋ ಅನ್ನಿಸಿತು. ತೆರೆದಿದ್ದ ಒಂದು ಡ್ರಾಯರನ್ನು ಮುಚ್ಚುತ್ತ ಹೇಳಿದರು, 'ಅತ್ತಿಗೆ, ಅವನಿಗೆ ಹಕ್ಕಿ ಕೊಡೋಣ ಅಂದ್ರೆ ನನ್ನ ಹತ್ರ ಹಕ್ಕಿ ಇಲ್ಲ. ನನ್ನ ಹತ್ರ ಇರೋದೇ ಹೇನು. ಇದ್ದಿದ್ದರಲ್ಲಿ ತುಂಬ ಚೆನ್ನಾಗಿರೋದನ್ನ ಆರಿಸಿ ಕೊಟ್ಟಿದೀನಿ.'

ಹಾಗಾದರೆ ಲಕೋಟೆಯಲ್ಲಿ ಎರಡು ಸಾಲು ಬರೆದು ಹಾಕಬಾರದಿತ್ತೇ ಎಂದು ಗದರಿದೆ. ಬರೆದೂ ಬರೆದೂ ಹರಿದುಹಾಕಿದರಂತೆ. ಹೇನಿನ ಕಾಲಿನ ವರ್ಣನೆಯನ್ನು ನಾಲ್ಕು ಪುಟ ಬರೆಯಬಲ್ಲ ಮನುಷ್ಯನಿಗೆ ಗೆಳೆಯನಿಗೊಂದು ಚೀಟಿ ಬರೆಯಲು ಬರುವುದಿಲ್ಲ. ಭಾನುವಾರ ಊಟಕ್ಕೆ ಬರಬೇಕು, ಬರುವಾಗ ಸೂಕ್ಷ್ಮದರ್ಶಕ ತರಬೇಕು ಎಂದು ಆಜ್ಞೆ ಮಾಡಿ ಬಂದೆ. ಮನೆಯಲ್ಲಿ ನಿಮ್ಮಪ್ಪನಿಗೆ ಅವರ ಮಾತನ್ನು ಒಂದಕ್ಷರ ಬಿಡದೆ ಒಪ್ಪಿಸಿದೆ. ಭಾನುವಾರ ಬೆಳಿಗ್ಗೆ ನೋಡಿದರೆ ಗಡ್ಡ ಬೋಳಿಸಿ, ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು, ಏನೂ ಗೊತ್ತಿಲ್ಲದವರ ಹಾಗೆ ಬಾಗಿಲ ಹತ್ತಿರದ ಕುರ್ಚಿಯಲ್ಲಿ ಕೂತಿದ್ದರು.

ಮೇಷ್ಟ್ರು ಸೂಕ್ಷ್ಮದರ್ಶಕವನ್ನು ಟವೆಲಿನಲ್ಲಿ ಸುತ್ತಿ ಹಸುಗೂಸಿನ ಹಾಗೆ ಎದೆಗವಚಿಕೊಂಡು ಬಂದರು. ಇಬ್ಬರೂ ಬಾಗಿಲಿನ ಆಚೆ ಒಬ್ಬರು, ಈಚೆ ಒಬ್ಬರು ನಿಂತರು. ಕೊನೆಗೆ ನಿಮ್ಮಪ್ಪ, 'ಭಾರ ಇದೆ, ಇಲ್ಲಿ ಕೊಡು' ಎಂದು ಅದನ್ನು ಈಸಿಕೊಂಡರು. ನನ್ನ ಬಟ್ಟೆ ಕತ್ತರಿಸುವ ಮೇಜಿನ ಮೇಲೆಯೇ ಇಟ್ಟರು, ಬೆಳಕು ಅಲ್ಲೇ ಚೆನ್ನಾಗಿ ಬೀಳುವುದು. ನಿಮ್ಮಪ್ಪ ಬಗ್ಗಿ, ಹೊಸ ಕಣ್ಣಿಟ್ಟು ನೋಡಿದರು. ನೋಡುತ್ತಲೇ ಇದ್ದರು. ನನಗೂ ತೋರಿಸಿದರು ಆಮೇಲೆ. ಜೇನಿನ ಬಣ್ಣ, ಗಾಜಿನ ಹಾಗೆ ತಿಳಿಯಾದ ಮೈ, ಅಂಚಿಗೆಲ್ಲ ನಾನು ಹೊಲಿದರೂ ಬಾರದಷ್ಟು ಒಪ್ಪವಾಗಿ ಒಂದೊಂದೇ ಕೂದಲು. ಹೇನಿನಲ್ಲಿ ಇಷ್ಟು ಚೆಲುವಿದೆಯೆಂದು ಯಾರಾದರೂ ಹೇಳಿದ್ದರೆ ನಂಬುತ್ತಿರಲಿಲ್ಲ.

'ಹಿಂಗಾಲು ಯಾಕೆ ಇಷ್ಟು ದಪ್ಪ?' ಎಂದು ಕೇಳಿದರು ನಿಮ್ಮಪ್ಪ, ತಲೆ ಎತ್ತದೆ.

'ಹಿಡಿದಿದ್ದನ್ನ ಬಿಡಬಾರದು ಅಂತ. ಹಕ್ಕಿ ಎಷ್ಟು ಕುಕ್ಕಿದ್ರೂ ಜಪ್ಪಯ್ಯ ಅನ್ನಲ್ಲ' ಎಂದರು ಮೇಷ್ಟ್ರು.

ನಿಮ್ಮಪ್ಪ ಆಗಲೂ ತಲೆ ಎತ್ತಲಿಲ್ಲ. ಸೂಕ್ಷ್ಮದರ್ಶಕದೊಳಗೇ ಮುಖವಿಟ್ಟುಕೊಂಡು, 'ಅವತ್ತು ಸಭೆಯಲ್ಲಿ ನಾನು ಹಾಗೆ ಅನ್ನಬಾರದಿತ್ತು ಕಣೋ' ಎಂದರು. ಮೇಷ್ಟ್ರು ಟವೆಲನ್ನು ಮಡಚಿದರು, ಬಿಚ್ಚಿದರು, ಮತ್ತೆ ಮಡಚಿದರು. 'ಅಂದಿದ್ದು ಚೆನ್ನಾಗೇ ಇತ್ತು. ಬೇರೆಯವರಿಗೆ ಅಂದಿದ್ರೆ ನಾನೂ ನಗ್ತಿದ್ದೆ' ಎಂದರು. ಅಷ್ಟೇ. ಇಷ್ಟು ವರ್ಷದ ಮುನಿಸು ಅಷ್ಟರಲ್ಲಿ ಮುಗಿಯಿತು. ನಾನು ತಟ್ಟೆ ಹಾಕಲು ಒಳಗೆ ಹೋದೆ, ಹೋಗಿ ಸ್ವಲ್ಪ ಹೊತ್ತು ಅಲ್ಲೇ ನಿಂತು ಕಣ್ಣೊರೆಸಿಕೊಂಡು ಬಂದೆ.

ಊಟ ಅರ್ಧವಾಗುವಷ್ಟರಲ್ಲಿ ಹಳದಿ ಕಾಲು, ಕರಿ ಕಾಲಿನ ವಾದ ಶುರುವಾಗಿತ್ತು. ಒಬ್ಬರು ಚಮಚದಿಂದ ಮೇಜು ಕುಟ್ಟಿದರೆ ಇನ್ನೊಬ್ಬರು ಲೋಟದಿಂದ. ಕೈ ಒಣಗಿಹೋದರೂ ಯಾರೂ ಏಳಲಿಲ್ಲ. ಎಷ್ಟು ಚೆನ್ನಾಗಿತ್ತೆಂದು ಹೇಗೆ ಬರೆಯಲಿ. ಸಂಜೆ ದುರ್ಬೀನು ಮೊಳೆಯಿಂದ ಇಳಿಯಿತು, ಇಬ್ಬರೂ ಜೌಗಿನ ಕಡೆ ನಡೆದುಹೋದರು. ಆಮೇಲಿನ ಭಾನುವಾರವೂ ಹೋದರು. ನಿನ್ನೆಯೂ ಹೋಗಿ ಮೊಳಕಾಲವರೆಗೆ ಕೆಸರು ಮಾಡಿಕೊಂಡು ಬಂದು, ಹಕ್ಕಿಯ ಕಾಲಿನ ವಿಷಯ ಜಗಳವಾಡುತ್ತ ನನ್ನ ಹೊಸಿಲಿನ ಮೇಲೆ ತಮ್ಮ ಕಾಲು ತೊಳೆದರು. ನಿನ್ನ ಸೋದರತ್ತೆಯದು ಇನ್ನೊಂದು ಕಥೆ. ಕೇಸಿನ ವಿಷಯ ಎಲ್ಲಿಗೆ ಬಂತೆಂದು ವಿಚಾರಿಸಲು ಬಂದವರಿಗೆ ಮೇಷ್ಟ್ರು ಹೇನು ತೋರಿಸಿದರು. ಒಂದು ಕಣ್ಣು ಮುಚ್ಚಿಕೊಂಡು ನೋಡಿ, 'ಹಣೆ ನಮ್ಮ ಅಪ್ಪಂದೇ' ಎಂದರು. ಈಗ ಬೀದಿಯಲ್ಲಿ ಸಿಕ್ಕಿದವರಿಗೆಲ್ಲ ತಮ್ಮನ ಹೆಸರು ಲೋಕ ಇರುವ ತನಕ ಇರುತ್ತದೆ ಎಂದು ಹೇಳುತ್ತಾರೆ, ಯಾವುದರ ಮೇಲೆ ಎಂದು ಮಾತ್ರ ಹೇಳುವುದಿಲ್ಲ.

ಇಷ್ಟೇ ಇಲ್ಲಿನ ಸುದ್ದಿ. ಹೊತ್ತಿಗೆ ಸರಿಯಾಗಿ ಉಣ್ಣು, ಡೆಕ್ಕಿನ ಅಂಚಿಗೆ ಹೋಗಬೇಡ, ಜೊತೆಯವರನ್ನೆಲ್ಲ ಕೇಳಿದೆನೆಂದು ಹೇಳು. ನಿಮ್ಮಪ್ಪ ನಿನ್ನ ತಲೆ ನೇವರಿಸಿದೆನೆಂದು ಬರೆ ಎನ್ನುತ್ತಿದ್ದಾರೆ, ಮೇಷ್ಟ್ರು ನಿನ್ನ ಹಡಗಿನ ಮೇಲೆ ಕೂರುವ ಕಡಲಹಕ್ಕಿಗಳ ಗರಿಯನ್ನು ಕೆದರಿ ನೋಡು ಎಂದು ನಿನ್ನೆ ಹೇಳಿಹೋಗಿದ್ದಾರೆ. ಅಪ್ಪ ಹೇಳಿದ್ದನ್ನು ಇಟ್ಟುಕೋ, ಮೇಷ್ಟ್ರು ಹೇಳಿದ್ದನ್ನು ಮಾಡಬೇಡ. ಎಲ್ಲಿದ್ದರೂ ಸುಖವಾಗಿರು ಮಗಳೇ.

ನಿನ್ನ
ಅಮ್ಮ

ಇನ್ನೊಂದು ಮಾತು, ಅಂಚೆಯವನು ಬರುವುದರೊಳಗೆ ಗೀಚುತ್ತಿದ್ದೇನೆ. ನಿಮ್ಮಪ್ಪ ಪಕ್ಕದಲ್ಲಿದ್ದರು, ಬರೆಯಲಾಗಲಿಲ್ಲ. ಅವರ ಹೆಸರು ಸಿಕ್ಕಿದ್ದು ಹಳದಿ ಕಾಲಿನ ಹಕ್ಕಿಯ ಹೇನಿಗೆ, ಕರಿ ಕಾಲಿನ ಹಕ್ಕಿಯ ಹೇನಿಗೆ ಇನ್ನೂ ಹೆಸರಾಗಿಲ್ಲ. ಆ ಕಾಲದಲ್ಲಿ ಸತ್ತ ಹಕ್ಕಿಗಳ ಗರಿಗೆ ಪುಡಿ ಉದುರಿಸಿ, ಬಿಳಿ ಹಾಳೆಯ ಮೇಲೆ ಕೆದರಿ, ಬಿದ್ದ ಹೇನುಗಳನ್ನು ಸೂಜಿಯ ತುದಿಯಿಂದ ಎತ್ತಿ ಸೀಸೆಗೆ ಹಾಕುತ್ತಿದ್ದವಳು ನಾನಲ್ಲವೇ. ಅದಕ್ಕೇ ನಿನ್ನೆ ಹೊರಡುವಾಗ ಮೇಷ್ಟ್ರು ಚಪ್ಪಲಿ ಹಾಕಿಕೊಳ್ಳುತ್ತ, ಮೆಲ್ಲಗೆ, ನನ್ನ ಹೆಸರಿಡಬಹುದೇ ಎಂದು ಕೇಳಿದರು. ಹೂಂ ಎಂದೆ. ಗಂಡಸಿನ ಹೆಸರಾದರೆ ಬಾಲದಲ್ಲಿ ಒಂದೇ ಅಕ್ಷರವಂತೆ, ಹೆಂಗಸಿನದಾದರೆ ಎರಡಂತೆ. ನಿಮ್ಮಪ್ಪನಿಗೆ ಇನ್ನೂ ಗೊತ್ತಿಲ್ಲ. ಅವರು ಎರಡು ಹಕ್ಕಿಯೂ ಒಂದೇ ಎನ್ನುತ್ತಾರೆ, ಮೇಷ್ಟ್ರು ಬೇರೆ ಬೇರೆ ಎನ್ನುತ್ತಾರೆ. ಇವರ ಜೊತೆ ಇಷ್ಟು ವರ್ಷ ಬಾಳಿದ ನನಗೆ ಇಬ್ಬರದೂ ಸರಿ ಅನ್ನಿಸುತ್ತದೆ. ಲೇಖನ ಅಚ್ಚಾಗಿ ಮನೆಗೆ ಬರುವ ಹೊತ್ತಿಗೆ ನೀನು ಇಲ್ಲಿರಬೇಕು, ನಿಮ್ಮಪ್ಪನ ಮುಖವನ್ನು ನಾನೊಬ್ಬಳೇ ನೋಡಿದರೆ ಸಾಲದು. ಇವತ್ತೇ ಹೋಗಿ ನಿಮ್ಮ ಕ್ಯಾಪ್ಟನ್ನರ ಹತ್ತಿರ ರಜೆ ಕೇಳು.