ನಲವತ್ತು ಕುರ್ಚಿ, ಎರಡು ಎತ್ತರ

ಶುಕ್ರವಾರ, ಊಟದ ಬಿಡುವು
ಕಾರ್ಖಾನೆಯ ಮಹಡಿ ಕೋಣೆ

ಪ್ರೀತಿಯ ಅಕ್ಕಾ,

ಕೋಪ ಇಟ್ಟುಕೊಂಡೇ ಬರೆಯುತ್ತಿದ್ದೇನೆ, ಹಾಗೆಂದೇ ಓದಿಕೋ. ನೀನು ಪೀಠೋಪಕರಣ ಪ್ರದರ್ಶನಕ್ಕೆ ಹೋಗಿ ಒಂಬತ್ತು ದಿನವಾಯಿತು. ಅಷ್ಟರಲ್ಲಿ ಹದಿನಾಲ್ಕು ಹೊಸ ಐಡಿಯಾ! ನನಗೆ ಕಳಿಸಿದ್ದರೆ ಪರವಾಗಿರಲಿಲ್ಲ. ಮೊನ್ನೆ ಒಂದನ್ನು ಸೀದಾ ಮೇಸ್ತ್ರಿಯ ಫೋನಿಗೇ ಹಾಕಿದೆಯಲ್ಲ, ಮಕ್ಕಳ ಕುರ್ಚಿ ಎರಡಿಂಚು ಗಿಡ್ಡ ಮಾಡಿ ಅಂತ.

ಮಾಲಕಿಯೇ ಹೇಳಿದ ಮೇಲೆ ಅವರು ಮಾಡದೆ ಇರುತ್ತಾರೆಯೇ? ಶಾಲೆಗೆ ಕೊಡಬೇಕಾದ ನಲವತ್ತರಲ್ಲಿ ಇಪ್ಪತ್ತು ಕುರ್ಚಿ ಮುಗಿದಿದ್ದವು. ಉಳಿದ ಇಪ್ಪತ್ತರ ಕಾಲು ಗಿಡ್ಡವಾಗಿ ಕೊಯ್ದರು. ಅದರಲ್ಲಿ ಕೂತರೆ ಮೇಜು ಗಲ್ಲಕ್ಕೆ ತಾಗುತ್ತದೆ. ನಾಳೆ ಬೆಳಿಗ್ಗೆ ವ್ಯಾನು ಬಂದು ನಿಲ್ಲುತ್ತದೆ. ಮೇಸ್ತ್ರಿ ಉಳಿ ಕೆಳಗಿಟ್ಟು, ದಿನಕ್ಕೊಂದು ಹೇಳಿದ್ರೆ ಯಾವ್ದು ಅಂತ ಮುಗ್ಸೋದು, ಇನ್ನು ನನ್ ಕೈಲಾಗಲ್ಲ, ಸೋಮವಾರದಿಂದ ಬರಲ್ಲ ಅಂದರು. ಅವರಿಲ್ಲದೆ ಇಲ್ಲಿ ಒಂದು ವಾರವೂ ನಡೆಯುವುದಿಲ್ಲ, ಅದು ನಿನಗೂ ಗೊತ್ತು.

ಇನ್ನೊಂದು ಒಪ್ಪಿಕೊಂಡುಬಿಡುತ್ತೇನೆ. ಹೋದ ವರ್ಷದಿಂದ ನಿನ್ನ ಐಡಿಯಾಗಳನ್ನು ತಡೆದವಳು ನಾನೇ. ಕೆಳಗೆ ಮಾಡ್ತಾ ಇದಾರೆ ಅಂತ ನಿನಗೆ ಸುಳ್ಳು ಹೇಳಿ ನೋಟ್‌ಬುಕ್ಕಿನಲ್ಲಿ ಬರೆದಿಟ್ಟೆ. ಅರವತ್ತೆರಡು ಐಡಿಯಾಗಳಲ್ಲಿ ಕೆಳಗೆ ಕೆಲಸದವರ ತನಕ ಇಳಿದದ್ದು ನಾಲ್ಕೇ. ಎಲ್ಲರೂ ಹೊಗಳಿದ ಆ ಮಡಚುವ ಸ್ಟೂಲು ಅವುಗಳಲ್ಲೊಂದು. ನಿನ್ನ ತಲೆ ಬಂಗಾರ ಕಣೇ, ಆದರೆ ಕೆಳಗಿನ ಆರು ಜನಕ್ಕೆ ಇರುವುದು ಹನ್ನೆರಡೇ ಕೈ. ಅವರು ಗೊಣಗಿದರೆ ನಿನ್ನ ಪರ ಮಾತಾಡಬೇಕು, ನೀನು ರೇಗಿದರೆ ಅವರ ಪರ. ಮದ್ದಲೆಗೆ ಎರಡೂ ಕಡೆ ಪೆಟ್ಟು ಅನ್ನುವುದು ಇದಕ್ಕೇ. ಇಷ್ಟರ ಮೇಲೆ ನೀನು ಫೋನಿನಲ್ಲಿ, ನಿಂಗೆ ಹೊಸದು ಅಂದ್ರೇನೇ ಭಯ ಅಂದೆ. ಮೈಯೆಲ್ಲ ಉರಿದುಹೋಯಿತು.

ಇನ್ನು ಮುಂದೆ ಏನೇ ಹೊಳೆದರೂ ನನಗೆ ಹೇಳು, ನನಗೊಬ್ಬಳಿಗೇ. ಕೈಲಿರುವ ಕೆಲಸ ಬಾಗಿಲು ದಾಟಿದ ಮೇಲೆ ಇಬ್ಬರೂ ಕೂತು ಒಂದನ್ನು ಆರಿಸೋಣ. ಒಂದೇ ಒಂದು. ಮಿಕ್ಕವು ಎಲ್ಲಿಗೂ ಓಡಿಹೋಗುವುದಿಲ್ಲ. ಈ ಕಾಗದದ ಫೋಟೋ ಇವತ್ತೇ ನಿನ್ನ ಫೋನಿಗೆ ಹಾಕುತ್ತೇನೆ; ಒಪ್ಪಿಗೆಯಿದ್ದರೆ ಭಾನುವಾರದೊಳಗೆ ಒಂದು ಮಾತು ತಿಳಿಸು.

ಇನ್ನೂ ಕೋಪ ಇಳಿಯದ
ನಿನ್ನ ತಂಗಿ

ತಾ.ಕ.: ಸೋಮವಾರದಿಂದ ಬರಲ್ಲ ಅಂದದ್ದು ಮೇಸ್ತ್ರಿ ಅಲ್ಲ, ನಾನು. ನಾನು ಬಿಡುತ್ತೇನೆ ಅಂದರೆ ನೀನು ನಕ್ಕುಬಿಡುತ್ತೀಯ ಅಂತ ಅವರ ಹೆಸರು ಹಾಕಿದೆ. ಅವರು ಪಾಪ, ಊಟವನ್ನೂ ಬಿಟ್ಟು ಕೆಳಗೆ ಆ ಇಪ್ಪತ್ತು ಕುರ್ಚಿಗೆ ಸರಿಯಳತೆಯ ಕಾಲು ಹೊಸದಾಗಿ ಕೊಯ್ಯುತ್ತಿದ್ದಾರೆ. ಹೋಗೋದಾದ್ರೆ ಹೋಗಮ್ಮಾ, ಮೊದ್ಲು ಅಕ್ಕಂಗೆ ಒಂದು ಕಾಗದ ಬರಿ ಅಂತ ಅವರೇ ಹೇಳಿದ್ದು.