ಕೊನೆಯ ಡಬ್ಬಿಯ ಕಡೆ

ಮುಗಳಖೋಡ
4 ನವೆಂಬರ್ 2025

ಪ್ರೀತಿಯ ಅಪೂರ್ವಕ್ಕನಿಗೆ, ಜೈ ಜಿನೇಂದ್ರ.

ಫೋನಿದ್ದೂ ಕಾಗದ ಬಂತಲ್ಲ ಎಂದು ಗಾಬರಿಯಾಗಬೇಡ. ನಾನು ಫೋನಿನಲ್ಲಿ ಮಾತಾಡಿದರೆ ಅವ್ವ ರೊಟ್ಟಿ ಬಡಿಯುವುದನ್ನೂ ನಿಲ್ಲಿಸಿ ಕೇಳುತ್ತಾಳೆ. ನಾಳೆ ಜಿನ್ನಪ್ಪ ಕಾಕಾ ನಿಪ್ಪಾಣಿಗೆ ಬರುತ್ತಾನೆ, ಅವನ ಕೈಯಲ್ಲಿ ಕಳಿಸುತ್ತಿದ್ದೇನೆ. ಅಂಟು ಬಿಚ್ಚಿದ್ದರೆ ನನಗೆ ತಿಳಿಸು.

ಕುಡಚಿಯ ಶ್ರೀಪಾಲ ಅವರು ನನ್ನನ್ನು ನೋಡಿ ಹೋಗಿ ಹತ್ತು ದಿನವಾಯಿತು. ಭಾನುವಾರ ಅಪ್ಪ ಉತ್ತರ ಹೇಳಬೇಕು, ಅಂದರೆ ನಾನು ಹೇಳಬೇಕು. ಮನೆಯವರಿಗೆಲ್ಲ ಒಪ್ಪಿಗೆ. ಅವರಿಗೆ ಹನಿ ನೀರಾವರಿ ಪೈಪಿನ ಅಂಗಡಿ ಇದೆ, ಮಾತು ಕಡಿಮೆ. ಚಿಕ್ಕವರಿದ್ದಾಗ ಮೂರು ಮರಾಠಿ ಸಿನಿಮಾಗಳಲ್ಲಿ ಪಾರ್ಟು ಮಾಡಿದ್ದರಂತೆ. ಪೇಟೆಯಲ್ಲಿ ಇಂದಿಗೂ ಅವರು 'ಪಿಚ್ಚರ್ ಶ್ರೀಪಾಲ'. "ನಟನೆ ಮಾಡಿದವರನ್ನ ನಂಬಬ್ಯಾಡ" ಎಂದು ಈ ಸಂಬಂಧ ಬಂದಾಗ ನೀನು ಫೋನಿನಲ್ಲಿ ನಗುತ್ತ ಹೇಳಿದ್ದು ನನ್ನ ತಲೆಯಲ್ಲಿ ಕೂತುಬಿಟ್ಟಿತು.

ನೋಡಲು ಬಂದ ದಿನ ಅಪ್ಪ, ಶ್ರೀಪಾಲ ಅವರ ತಾಯಿ ಹೋದ ವರ್ಷ ತೀರಿಕೊಂಡ ಮಾತು ತೆಗೆದರು. ಅವರ ಕಣ್ಣು ತುಂಬಿತು. ಬಲಗೈಯ ಹಿಂಬದಿಯಿಂದ ಎಡಗಣ್ಣು ಒರೆಸಿಕೊಂಡರು, ಎರಡು ಸಲ ಉಗುಳು ನುಂಗಿದರು, ಕೆಳತುಟಿ ಒಳಗೆಳೆದುಕೊಂಡರು. ಅವ್ವ ಅಲ್ಲೇ ಸೋತಳು. "ತಾಯಿಗೆ ಅಳಾಂವ ಹೆಂಡ್ತಿನ್ನ ಕೈ ಬಿಡಾಂವಲ್ಲ" ಎಂದಳು.

ಮರುದಿನ ಅವರ ಕೊನೆಯ ಸಿನಿಮಾವನ್ನು ಮೊಬೈಲಿನಲ್ಲಿ ಹುಡುಕಿದೆ. ಕುಡಚಿ ಸ್ಟೇಷನ್ನಿನಲ್ಲೇ ತೆಗೆದ ಒಂದು ದೃಶ್ಯವಿದೆ. ಕಥೆಯ ಅಪ್ಪ ಪಟ್ಟಣಕ್ಕೆ ಹೊರಟಿದ್ದಾನೆ, ಎಂಟು ವರ್ಷದ ಮಗ, ಅಂದರೆ ಇವರೇ, ಪ್ಲಾಟ್‌ಫಾರ್ಮಿನಲ್ಲಿ ನಿಂತು ಅಳುತ್ತಾನೆ. ಅದೇ ಬಲಗೈ, ಅದೇ ಎಡಗಣ್ಣು, ಎರಡು ಗುಟುಕು, ತುಟಿ. ಇಪ್ಪತ್ತೊಂದು ವರ್ಷದ ಹಿಂದೆ ಕಲಿಸಿಕೊಟ್ಟ ಅಳುವನ್ನು ನಮ್ಮ ಪಡಸಾಲೆಯಲ್ಲಿ ಮತ್ತೊಮ್ಮೆ ಅತ್ತು ಹೋಗಿದ್ದಾರೆ ಅನ್ನಿಸಿತು. ಹಾಗಾದರೆ ಮುಂದೆ ಅವರ ಯಾವ ಕಣ್ಣೀರನ್ನು ನಂಬಲಿ? ಒಂಬತ್ತು ಸಲ ನೋಡಿದೆ. ಒಂದು ತಪ್ಪೂ ಸಿಕ್ಕಿತು. ಅಪ್ಪ ರೈಲಿನ ಮುಂದಿನ ಡಬ್ಬಿಯ ಕಿಟಕಿಯಿಂದ ಕೈ ಬೀಸುತ್ತಿದ್ದರೆ ಹುಡುಗ ನೋಡುವುದು ಕೊನೆಯ ಡಬ್ಬಿಯ ಕಡೆ. ಎಲ್ಲಿ ನೋಡಬೇಕೆಂದು ಗೊತ್ತಿಲ್ಲದವನಿಗೆ ಅಳು ಮಾತ್ರ ಚೆನ್ನಾಗಿ ಕಲಿಸಿದ್ದಾರೆ ಎಂದುಕೊಂಡೆ.

ನಿನ್ನೆ ಶ್ರೀಪಾಲ ಅವರ ಮಾವಶಿ, ಅಂದರೆ ತಾಯಿಯ ತಂಗಿ ಅಕ್ಕುತಾಯಿ ಬಂದಿದ್ದರು. "ಏನವಾ ಬ್ರಾಹ್ಮಿ, ನಿನ್ನ ಎಂ.ಎ. ರಿಸಲ್ಟ್ ಸೈತ ಇಷ್ಟ ತಡಾ ಆಗಿದ್ದಿಲ್ಲಲ್ಲ!" ಎಂದು ಕೆಣಕಿದರು. ಆ ದೃಶ್ಯ ಹಚ್ಚಿ ಮೊಬೈಲು ಅವರ ಕೈಗಿಟ್ಟು ಮುಖವನ್ನೇ ನೋಡುತ್ತ ಕುಳಿತೆ. ಹೆಮ್ಮೆಪಡುತ್ತಾರೆ ಎಂದುಕೊಂಡಿದ್ದೆ. ಅವರು ಮೊಬೈಲನ್ನು ಕವುಚಿಟ್ಟರು.

"ಬಂದ್ ಮಾಡವಾ ಅದನ್ನ. ಇಂವಾ ಅಳವಲ್ಲ ಅಂತ ಡೈರೆಕ್ಟರ್ ನಮ್ಮಕ್ಕನ್ನ ಖರೇನ ಗಾಡಿ ಹತ್ತಿಸಿದ್ದ. ಆಕೀನೂ ಹೂಂ ಅಂದ್ಲು. ಕಡೀ ಡಬ್ಬಿಯಾಗ ಕುಂತು ಮುಂದಿನ ಸ್ಟೇಷನ್ ಉಗಾರತನಕ ಹೋದ್ಲು. ಕೂಸು ಗಾಡಿ ನೋಡ್ಕೋತ ನಿಂತು, ಸಪ್ಪಳಿಲ್ಲದ ಅತ್ತೈತಿ. ತಿರುಗಿ ಬಂದು ಎತ್ತಿಕೊಂಡ್ರೂ ಎರಡ ದಿನಾ ಆಕಿ ಮಾರಿ ನೋಡಲಿಲ್ಲ."

ಅದೇ ಅವರ ಕೊನೆಯ ಸಿನಿಮಾ. ಆಮೇಲೂ ಕೊಲ್ಹಾಪುರದ ಸಿನಿಮಾದವರು ಮೂರು ಸಲ ಕರೆಯಲು ಬಂದರಂತೆ. ಜೀಪಿನ ಸಪ್ಪಳ ಕೇಳಿದರೆ ಸಾಕು, ಹುಡುಗ ಜೋಳದ ಚೀಲಗಳ ಹಿಂದೆ ಹೋಗಿ ಕೂಡುತ್ತಿದ್ದನಂತೆ.

ಮದುವೆ ಕುದುರಿಸಲು ಬಂದವರು ಏನು ಬೇಕಾದರೂ ಹೇಳಬಹುದು ಎಂದು ಆಗಲೂ ಅನುಮಾನಪಟ್ಟೆ. ಆದರೆ ಹುಡುಗ ಕೊನೆಯ ಡಬ್ಬಿಯ ಕಡೆ ನೋಡುವುದನ್ನು ನಾನು ಯಾರಿಗೂ ಹೇಳಿರಲಿಲ್ಲ. ಅವರು ಹೋದ ಮೇಲೆ ಹತ್ತನೆಯ ಸಲ ನೋಡಿದೆ. ಕೊನೆಯ ಕಿಟಕಿಯಲ್ಲಿ ಹಸಿರು ಸೆರಗನ್ನು ಬಾಯಿಗೆ ಒತ್ತಿಕೊಂಡ ಹೆಂಗಸೊಬ್ಬಳು ಒಂದು ಕ್ಷಣ ಕಾಣುತ್ತಾಳೆ.

ಶ್ರೀಪಾಲ ಅವರಿಗೆ ಯಾರೂ ಅಳು ಕಲಿಸಿರಲಿಲ್ಲ, ಅಕ್ಕಾ. ಅವರಿಗಿರುವುದು ಅದೊಂದೇ ಅಳು.

ಭಾನುವಾರ ಒಪ್ಪಿಗೆ ಎನ್ನುತ್ತೇನೆ. ನನಗೆ ಇದೆಲ್ಲ ಗೊತ್ತೆಂದು ಅವರಿಗೆ ಹೇಳುವುದಿಲ್ಲ. ನೀನೂ ಭಾವನ ಮುಂದೆ ಬಾಯಿ ಬಿಡಬೇಡ.

ನಿನ್ನ ತಂಗಿ,
ಬ್ರಾಹ್ಮಿ

ತಾ.ಕ.: ಅವರು ನೋಡಲು ಬಂದ ದಿನ ನನ್ನ ಕೈಯಲ್ಲಿ ಚಹಾದ ತಾಟು ನಡುಗಿದ್ದನ್ನು ಅವ್ವ ಎಲ್ಲರಿಗೂ ಹೇಳಿ, ಎಷ್ಟು ನಾಚಿಕೆಯ ಹುಡುಗಿ ಎಂದು ಹೊಗಳುತ್ತಿದ್ದಾಳೆ. ನಿಜವಾಗಿ ನಾಚಿಕೆಯಾದರೆ ನನ್ನ ಕೈ ಕಲ್ಲಾಗುತ್ತದೆ, ನಿನಗೆ ಗೊತ್ತು. ಹಾಗೆ ನಿಂತರೆ ಸೊಕ್ಕು ಎನ್ನುತ್ತಾರೆಂದು, ಖಾಲಿ ಕಪ್ಪು ಇಟ್ಟುಕೊಂಡು ಎರಡು ದಿನ ಕನ್ನಡಿ ಮುಂದೆ ನಡುಗುವುದನ್ನು ಕಲಿತಿದ್ದೆ. ಎಲ್ಲರೂ ನನ್ನ ಮುಖ ನೋಡಿದರು. ಶ್ರೀಪಾಲ ಅವರೊಬ್ಬರೇ ಮಣಿಕಟ್ಟು ನೋಡಿ, ತುಟಿಯಂಚಿನಲ್ಲಿ ನಕ್ಕು ಕಪ್ಪು ತೆಗೆದುಕೊಂಡರು. ಅವರಿಗೆ ಆಗಲೇ ಗೊತ್ತಾಗಿದೆ ಎಂದು ನನ್ನ ಅನುಮಾನ.